ಕರುಳು ಜೋಡಿಸುವ ಮೊದಲೇ ಮದುವೆ

ನಿಶ್ಚಿತಾರ್ಥ ಮುಗಿದು ಎಷ್ಟೋ ವಾರಗಳಾದರೂ ನಾನೂ ಅವರೂ ಫೋನಿನಲ್ಲಿ ಆಡುತ್ತಿದ್ದ ಮಾತು ಊಟದಿಂದ ಆಚೆ ಹೋಗಿರಲಿಲ್ಲ. ನಾನು ಬಬಲೇಶ್ವರದ ಒಂದು ಖಾಸಗಿ ಶಾಲೆಯಲ್ಲಿ ಎರಡನೆಯ ತರಗತಿಗೆ ಕಲಿಸುತ್ತಿದ್ದೆ. ಮಧ್ಯಾಹ್ನದ ಬಿಡುವಿಗೆ ಸರಿಯಾಗಿ ತಿಕೋಟಾದಿಂದ ಅವರ ಫೋನು ಬರುತ್ತಿತ್ತು.

“ಊಟ ಆತೇನ್ರಿ?”

“ಆತ್ರಿ. ನಿಮ್ದು?”

“ನಮ್ದೂ ಆತ್ರಿ.”

ಅವರದು ದ್ರಾಕ್ಷಿ ತೋಟ. ಅವರ ಕಡೆಯಿಂದ ಒಣದ್ರಾಕ್ಷಿ ಆರಿಸುವ ಹೆಂಗಸರ ಹರಟೆ ಕೇಳುತ್ತಿತ್ತು, ನನ್ನ ಕಡೆಯಿಂದ ಮಕ್ಕಳ ಗದ್ದಲ. ಸ್ವಲ್ಪ ಹೊತ್ತು ಅದನ್ನೇ ಕೇಳಿ “ಫೋನ್ ಇಡ್ಲ್ಯಾ ಹಂಗಾದ್ರ?” ಎನ್ನುತ್ತಿದ್ದರು. ಇವರ ಜೊತೆ ಜನ್ಮವೆಲ್ಲ ಊಟದ ವಿಚಾರಣೆಯಲ್ಲೇ ಕಳೆಯಬೇಕೇನೋ ಎಂದು ನನಗೆ ಚಿಂತೆಯಾಗಿತ್ತು.

ಹಾಗಿರುವಾಗ ಒಂದು ದಿನ ಮಗ್ಗಿ ಹೇಳಿಸುತ್ತಿದ್ದಾಗ ಹೊಟ್ಟೆಯೊಳಗೆ ಯಾರೋ ಒದ್ದೆ ಬಟ್ಟೆ ಹಿಂಡಿದಂತಾಯಿತು. ಮೊದಲು ಗ್ಯಾಸ್ ಅಂದುಕೊಂಡೆ. ತಾಸಿನೊಳಗೆ ಹೊಟ್ಟೆ ಡೊಳ್ಳಿನಂತೆ ಉಬ್ಬಿ, ವಾಂತಿಯಾಗತೊಡಗಿತು. ಜೊತೆಯ ಶಿಕ್ಷಕಿಯೊಬ್ಬರು ಗಾಡಿ ಮಾಡಿಸಿ ವಿಜಯಪುರದ ಆಸ್ಪತ್ರೆಗೆ ಕರೆತಂದರು. ಇಬ್ರಾಹಿಂಪುರದ ನಮ್ಮ ಮನೆಯಿಂದ ಅವ್ವ ಅಪ್ಪ ಓಡಿಬಂದರು. ಎಕ್ಸ್‌ರೇ ನೋಡಿದ ಸರ್ಜನ್, “ಕರಳ ಹಗ್ಗದಂಗ ತಿರುವಿಕೊಂಡೈತಿ. ಈಗ ತಡಾ ಮಾಡೂ ಹಂಗಿಲ್ಲ” ಎಂದರು.

ಎಚ್ಚರವಾದಾಗ ಹೊಟ್ಟೆಯ ಎಡಗಡೆ ಒಂದು ಪ್ಲಾಸ್ಟಿಕ್ ಚೀಲ ಅಂಟಿಕೊಂಡಿತ್ತು. ತಿರುಚಿದ ಕರುಳಿನ ಒಂದು ಭಾಗ ಕಪ್ಪಾಗಿ ಸತ್ತುಹೋಗಿತ್ತಂತೆ. ಅದನ್ನು ಕತ್ತರಿಸಿ, ಮೇಲಿನ ತುದಿಯನ್ನು ಹೊಟ್ಟೆಯ ಮೇಲೆ ತಂದು ಹೊಲಿದಿದ್ದರು. ಇನ್ನು ಮುಂದೆ ಮಲ ಆ ದಾರಿಯಿಂದ ಚೀಲಕ್ಕೆ ಬೀಳುತ್ತದೆ. ಕೆಲವು ತಿಂಗಳ ನಂತರ, ಎಲ್ಲ ಸರಿ ಇದ್ದರೆ, ಎರಡೂ ತುದಿಗಳನ್ನು ಮತ್ತೆ ಜೋಡಿಸಬಹುದು ಎಂದರು ಸರ್ಜನ್. ನಾನು ಧೈರ್ಯ ಮಾಡಿ ನೋಡಿಕೊಂಡೆ. ಚೀಲದೊಳಗೆ ಹಣ್ಣು ಟೊಮೆಟೊದ ಹೋಳಿನಷ್ಟು ಕೆಂಪಗೆ, ಹಸಿಹಸಿಯಾಗಿ ನನ್ನದೇ ಕರುಳು. ಮುಟ್ಟಿದರೆ ನೋವೇ ಇಲ್ಲ. ಅಳು ಬಂತು, ಬಹಳ ಅತ್ತೆ. ಅತ್ತು ಮುಗಿದ ಮೇಲೆ ಮತ್ತೊಮ್ಮೆ ನೋಡಿದೆ. ಅದು ತನ್ನಷ್ಟಕ್ಕೆ ತಾನು ಮಿಸುಕಾಡುತ್ತಿತ್ತು.

ಅಪ್ಪನಿಗೆ ಬೇರೆಯೇ ಚಿಂತೆ. “ತಿಕೋಟಾದವ್ರಿಗೆ ಅಪೆಂಡಿಕ್ಸ್ ಅಂತ ಹೇಳೂಣು. ಆಮ್ಯಾಲ ಎಲ್ಲಾ ಜೋಡಸ್ತಾರಂತ, ಅವ್ರಿಗೆ ಯಾಕ ಗೊತ್ತಾಗಬೇಕು?” ಎಂದರು. ಅವ್ವ ಸುಮ್ಮನೆ ತಲೆಯಾಡಿಸಿದಳು.

ಗಂಜಿ ಕುಡಿಯಲು ಶುರುಮಾಡಿದ ಮೇಲೆ ಚೀಲ ಮೊದಲ ಸಲ ಕೆಲಸ ಮಾಡಿತು. ನರ್ಸ್ ಬಂದು ನೋಡಿ, ಮಗು ಹುಟ್ಟಿದಷ್ಟು ಸಂತೋಷಪಟ್ಟು, ಸರ್ಜನ್‌ಗೆ ಹೇಳಲು ಹೋದರು. ಆ ಸಂತೋಷ ನನಗೂ ತಗುಲಿತ್ತು. ಅದೇ ಹೊತ್ತಿಗೆ ಫೋನು ಬಂತು.

“ಊಟ ಆತೇನ್ರಿ?”

“ಗಂಜಿ ಆತ್ರಿ. ಹೊರಗೂ ಬಂತ್ರಿ.”

“ಏನ್ ಬಂತ್ರಿ?”

ಹೇಳಿಬಿಟ್ಟೆ. ಕರುಳು ತಿರುಚಿದ್ದು, ಕತ್ತರಿಸಿದ್ದು, ಚೀಲ, ಚೀಲದೊಳಗೆ ಈಗ ಬಿದ್ದಿರುವುದು, ಅದರ ಬಣ್ಣ ಎಲ್ಲವನ್ನೂ. ಅವ್ವ ಎದುರಿಗೆ ಕುಳಿತು ಬಾಯಿಗೆ ಸೆರಗು ಒತ್ತಿಕೊಂಡಿದ್ದಳು. ಆ ಕಡೆಯಿಂದ ಬಹಳ ಹೊತ್ತು ದ್ರಾಕ್ಷಿ ಆರಿಸುವವರ ಮಾತಷ್ಟೇ ಕೇಳಿತು. ಕೊನೆಗೆ ಅವರು, “ನಾ ಬಂದ್ರ ನಡೀತೈತೇನ್ರಿ?” ಎಂದರು.

ಮರುದಿನ ಬಂದರು. ಅವ್ವ ನನ್ನ ಗದ್ದದವರೆಗೆ ಚಾದರ ಎಳೆದಳು. ಅವರು ಸ್ಟೂಲಿನ ತುದಿಯಲ್ಲಿ ಕುಳಿತರು. ಆಗ ಚೀಲ ಸದ್ದು ಮಾಡಿತು, ಸಣ್ಣ ಸದ್ದಲ್ಲ. ಕರುಳಿನ ಆ ಬಾಯಿಗೆ ತಡೆಹಿಡಿಯುವ ಶಕ್ತಿ ಇಲ್ಲ, ಗಾಳಿ ಬಂದಾಗ ಬಂದಂತೆಯೇ. ಅವ್ವ ಒಡನೆಯೇ ತನ್ನ ಖುರ್ಚಿಯನ್ನು ನೆಲಕ್ಕೆ ಕರಕರ ಎಳೆದಳು, ಸದ್ದು ಖುರ್ಚಿಯದೇ ಎನ್ನುವಂತೆ. ಚೀಲ ಮತ್ತೆ ಸದ್ದು ಮಾಡಿತು. ಅವ್ವ ಮತ್ತೆ ಖುರ್ಚಿ ಎಳೆದಳು. ಹೀಗೆ ಎಳೆಯುತ್ತ ಎಳೆಯುತ್ತ ಅವ್ವ ಬಾಗಿಲ ಹತ್ತಿರ ಹೋಗಿಬಿಟ್ಟಿದ್ದಳು.

ಅವರು ಬಹಳ ಗಂಭೀರವಾಗಿ ಹೇಳಿದರು: “ನಮ್ಮ ತ್ವಾಟದಾಗ ಔಷಧ ಹೊಡಿಯೂ ಪಂಪ್ ಐತ್ರಿ. ಅದೂ ಚಾಲೂ ಮಾಡಿದ ಕೂಡ್ಲೇ ಹಿಂಗ ಮಾಡತೈತಿ. ಆಮ್ಯಾಲ ಚೊಲೋ ನಡೀತೈತ್ರಿ.”

ನಾನು ನಕ್ಕೆ. ಹೊಲಿಗೆ ಚುರ್ ಎಂದಿತು, ನಗುತ್ತಲೇ “ಅಯ್ಯಯ್ಯ” ಎಂದೆ. ಅವರು ಗಾಬರಿಯಾಗಿ ನರ್ಸನ್ನು ಕರೆದರು. ಬಂದ ನರ್ಸ್, ಬಂದಿದ್ದಕ್ಕೆ ಚೀಲವನ್ನೂ ಬದಲಿಸಿ, ಮನೆಯವರಿಗೆ ಕಲಿಸಿಬಿಡೋಣ ಎಂದು ಸಾಮಾನು ಹರವಿದರು. ಅವ್ವ ನೀರು ತರುವ ನೆಪದಲ್ಲಿ ಹೊರಗೆ ಹೋದಳು. ಅವಳಿಗೆ ಅದನ್ನು ನೋಡುವ ಧೈರ್ಯ ಇನ್ನೂ ಬಂದಿರಲಿಲ್ಲ. ಅವರನ್ನು ನರ್ಸ್ ನನ್ನ ಅಣ್ಣ ಅಂದುಕೊಂಡು, “ನೀವ ಬರ್ರಿ, ಇದನ್ನ ಹಿಡೀರಿ” ಎಂದು ಹೊಸ ಚೀಲವನ್ನು ಕೈಗಿಟ್ಟರು. ಅವರೂ ನಾನೂ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಬೇಡ ಎನ್ನುವುದಕ್ಕೆ ಸಮಯವಿರಲಿಲ್ಲ. ಹಳೆಯದನ್ನು ತೆಗೆದು, ಒರೆಸಿ, ಅಳತೆ ನೋಡಿ, ಹೊಸದನ್ನು ಅಂಟಿಸುವವರೆಗೆ ಅವರು ಬಗ್ಗಿ ಗಮನವಿಟ್ಟು ನೋಡಿದರು. ಎಲ್ಲ ಮುಗಿದ ಮೇಲೆ ಗೋಡೆಗೆ ಆತು ಮೆಲ್ಲಗೆ ಜಾರಿ ನೆಲದ ಮೇಲೆ ಕುಳಿತರು. ಅವ್ವ ತಂದ ನೀರನ್ನು ಅವರ ಮುಖಕ್ಕೇ ಹಾಕಬೇಕಾಯಿತು.

ಅಂದಿನಿಂದ ಫೋನಿನಲ್ಲಿ ನಮಗೆ ಮಾತು ಸಾಕಾಗುತ್ತಿರಲಿಲ್ಲ. ಏನು ತಿಂದರೆ ಗಾಳಿ ಜಾಸ್ತಿ, ಏನು ತಿಂದರೆ ಗಟ್ಟಿ, ಉಳ್ಳಾಗಡ್ಡಿಯಿಂದ ಎಂಥ ವಾಸನೆ. ಇಂಥ ಮಾತು ಆಡಿದ ಮೇಲೆ ಇನ್ನು ಯಾವ ಮಾತಿಗೆ ನಾಚಿಕೆ ಪಡುವುದು? ಸಿನಿಮಾ, ಸಂಬಂಧಿಕರ ಜಗಳ, ಅವರು ಹತ್ತನೆಯ ತರಗತಿಯಲ್ಲಿ ನಪಾಸಾದದ್ದು, ಎಲ್ಲವೂ ಬಂತು. ಯಾವಾಗಲೋ ಅವರ ಬಾಯಲ್ಲಿ “ನೀವು” ಹೋಗಿ “ನೀ” ಆಗಿತ್ತು. “ನೀ ನೀರ ಕಡಿಮಿ ಕುಡ್ಯಾಕತ್ತಿ” ಎಂದು ಬೈದ ದಿನ ನಾನು ಅದನ್ನು ಗಮನಿಸಿ, ಫೋನು ಇಟ್ಟ ಮೇಲೆ ಒಬ್ಬಳೇ ನಕ್ಕೆ.

ಮದುವೆಯ ತಾರೀಖನ್ನು ಮುಂದೂಡಿದ್ದರು. ಕೆಲವು ತಿಂಗಳ ಮೇಲೆ ಆಸ್ಪತ್ರೆಯಲ್ಲಿ ಕೆಳಗಿನಿಂದ ಔಷಧ ಬಿಟ್ಟು ಕರುಳಿನ ಎಕ್ಸ್‌ರೇ ಫೋಟೋ ತೆಗೆದರು. ಉಳಿದ ಕರುಳಿನ ತುಂಡಿನಲ್ಲಿ ಇನ್ನೂ ಬಾವು ಇತ್ತು. ಸರ್ಜನ್ ಮುಚ್ಚಿಡದೆ ಹೇಳಿದರು, ಇನ್ನೂ ಕಾಯಬೇಕು, ಜೋಡಿಸಲು ಆಗದೆಯೂ ಹೋಗಬಹುದು. ಅಂದು ಮನೆಯಲ್ಲಿ ಯಾರೂ ಸರಿಯಾಗಿ ಉಣ್ಣಲಿಲ್ಲ.

ಅದೇ ವಾರ ಅವರ ತಾಯಿ ಮಗನನ್ನು ಕರೆದುಕೊಂಡು ನಮ್ಮ ಮನೆಗೆ ಬಂದರು. ನೇರ ಮಾತಿನ ಹೆಂಗಸು, ಚೀಲದ ವಿಷಯ ಮಗನಿಂದ ತಿಳಿದಿತ್ತು. ಚಹಾ ಕುಡಿದು ಬಸಿ ಕೆಳಗಿಟ್ಟು, “ಕರಳ ಜ್ವಾಡಣಿ ಆಗ್ಲಿ, ಆಮ್ಯಾಲ ಲಗ್ನ ಮಾಡೂಣು” ಎಂದರು. ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದೆ. ಅವರು ತಪ್ಪೇನೂ ಹೇಳುತ್ತಿಲ್ಲ ಎಂದು ಗೊತ್ತಿದ್ದರೂ ಬಸಿ ಎತ್ತಲು ಹೋಗಲಿಲ್ಲ.

ತಾಯಿಯ ಪಕ್ಕ ಕುಳಿತಿದ್ದ ಇವರು ಕೇಳಿದರು, “ಆಗ್ಲಿಲ್ಲಂದ್ರ?”

“ಆಗ್ಲಿಲ್ಲಂದ್ರ ಆವಾಗ ನೋಡೂಣು.”

“ನೋಡೂದೇನೈತಿ ಬೇ. ನಾ ಎಲ್ಲಾ ನೋಡೇನಿ.”

ಅಪ್ಪ ಚಾವಣಿ ನೋಡತೊಡಗಿದರು. ಇಬ್ಬರು ತಾಯಂದಿರೂ ಒಟ್ಟಿಗೆ ನನ್ನ ಕಡೆ ತಿರುಗಿದರು.

“ಏನ್ ನೋಡಿದಿ?” ಎಂದರು ಅವರ ತಾಯಿ, ಬಹಳ ಸಣ್ಣ ದನಿಯಲ್ಲಿ.

“ಕರಳ ನೋಡೇನಿ ಬೇ. ದವಾಖಾನ್ಯಾಗ. ನರ್ಸ್ ಇದ್ರು.” ಇವರ ಕಿವಿ ಕೆಂಪಾಗಿತ್ತು. “ನನಗೇನೂ ಅನ್ನಿಸ್ಲಿಲ್ಲ.”

“ಚಕ್ಕರ್ ಬಂದು ಬಿದ್ರಿ” ಎಂದೆ ಬಾಗಿಲಿಂದ. ನನ್ನ ಬಾಯಿ ನನ್ನ ಮಾತು ಕೇಳಲಿಲ್ಲ.

ಮೊದಲು ನಕ್ಕವರು ಅವರ ತಾಯಿಯೇ. ಅವರು ನಕ್ಕರೆ ಇಡೀ ಮೈ ಕುಲುಕುತ್ತದೆ. ಕಣ್ಣೊರೆಸಿಕೊಂಡು ಎದ್ದು ಒಳಗೆ ಬಂದು, “ಎಲ್ಲೈತಿ, ನನಗೂ ತೋರ್ಸವಾ” ಎಂದರು. ತೋರಿಸಿದೆ. ಕನ್ನಡಕ ಸರಿಮಾಡಿಕೊಂಡು ನೋಡಿ, “ಇಷ್ಟ ಏನು? ನಾ ಏನೇನೋ ಅಂದ್ಕೊಂಡಿದ್ನಿ. ಯಪ್ಪಾ, ಕರಳಂದ್ರ ಇಷ್ಟ ಚಂದ ಇರತೈತೇನು” ಎಂದರು. ಹೊರಗೆ ಹೋಗಿ ಅಪ್ಪನಿಗೆ, “ಮುಹೂರ್ತ ನೋಡಸ್ರಿ” ಎಂದರು.

ಸೀರೆಯ ಗಂಟು ಸರಿಯಾಗಿ ಚೀಲದ ಮೇಲೇ ಬರುತ್ತಿತ್ತು. ನಮ್ಮ ಓಣಿಯಲ್ಲಿ ಬಟ್ಟೆ ಹೊಲಿಯುವ ಚಾಚಿ ಒಬ್ಬರಿದ್ದಾರೆ. ಸೊಂಟಕ್ಕೆ ಅಗಲ ಪಟ್ಟಿ ಇಟ್ಟು, ಲಾಡಿ ಬಲಗಡೆ ಬರುವಂತೆ, ಎಡಗಡೆ ಒಳಗೊಂದು ಜೇಬು ಇರುವ ಲಂಗ ಹೊಲಿದುಕೊಟ್ಟರು. ಕಲೆ ಕಾಣದಿರಲೆಂದು ಅವ್ವ ಕಪ್ಪು ಬಟ್ಟೆ ತಂದಿದ್ದಳು. ಚಾಚಿ ಒಪ್ಪಲಿಲ್ಲ. “ಮದವಿ ಹುಡಿಗಿಗೆ ಕರೇ ಅರವಿ ಯಾಕ್ರಿ” ಎಂದು ತಾವೇ ಗುಲಾಬಿ ಬಣ್ಣದ ಬಟ್ಟೆ ಹುಡುಕಿದ್ದರು. ಜೇಬಿಗೆ ಲೇಸ್ ಬೇರೆ ಹಚ್ಚಿದ್ದರು, ಯಾರು ನೋಡಬೇಕಿತ್ತೋ.

ಮದುವೆಯ ಹಿಂದಿನ ದಿನದಿಂದಲೇ ನಾನು ಅಳೆದು ತೂಗಿ ತಿಂದೆ. ಆದರೂ ಮಂಟಪದಲ್ಲಿ ಕುಳಿತ ಕೂಡಲೇ ಹೊಟ್ಟೆ ಗುಡುಗತೊಡಗಿತು. ಹೆದರಿಕೆಯೋ ಖುಷಿಯೋ, ಎರಡಕ್ಕೂ ಕರುಳು ಹಾಗೇ ಮಾಡುತ್ತದೆ. ಇವರು ಮೊದಲೇ ವಾಜಂತ್ರಿಯವರಿಗೆ ಹೇಳಿಟ್ಟಿದ್ದರು, “ನಾ ಕೈ ಎತ್ತಿದ ಕೂಡ್ಲೇ ಜೋರ್ ಬಾರಸ್ರಿ.” ನಾನು ಮೊಣಕೈಯಿಂದ ತಿವಿದರೆ ಇವರು ಕೈ ಎತ್ತುವುದು, ಕೈ ಎತ್ತಿದರೆ ಸನಾದಿ, ಡೊಳ್ಳು ಎಲ್ಲ ಒಟ್ಟಿಗೆ ಮೊರೆಯುವುದು. ನಿಂತರೆ ಮತ್ತೆ ಗುಡುಗು, ಮತ್ತೆ ತಿವಿತ. ಮಂತ್ರ ಹೇಳುವವರಿಗೆ ಒಂದು ಸಾಲೂ ಪೂರ್ತಿ ಹೇಳಲಾಗಲಿಲ್ಲ. “ಏನ್ ಅವಸರ ಐತ್ರಿ ನಿಮಗ, ತಾಳಿ ಕಟ್ಟೂಮುಂದ ಬಾರ್ಸೂದು ಈಗ ಬಾರಸ್ತೀರಲ್ಲ” ಎಂದು ಅವರು ಮಂತ್ರ ನಿಲ್ಲಿಸಿ ವಾಜಂತ್ರಿಯವರ ಮೇಲೆ ರೇಗಿದರು. ಡೊಳ್ಳಿನವನು ಮದುಮಗನ ಕಡೆ ಬೆರಳು ಮಾಡಿದ. ನಾನು ಬಾಸಿಂಗದ ಕೆಳಗೆ ನಗು ತಡೆಯಲಾರದೆ ತಲೆ ತಗ್ಗಿಸಿದೆ. ತವರು ಬಿಡುವ ದುಃಖಕ್ಕೆ ಹುಡುಗಿ ಅಳುತ್ತಿದ್ದಾಳೆಂದು ನನ್ನ ಸೋದರತ್ತೆಯೂ ಅಳತೊಡಗಿದಳು. ಅಕ್ಷತೆ ಬೀಳುವ ಹೊತ್ತಿಗೆ ನಾನೂ ಇವರೂ ಕಣ್ಣಲ್ಲಿ ನೀರು ಬರುವಷ್ಟು ನಗುತ್ತಿದ್ದೆವು. ಮದುವೆಯ ಫೋಟೋಗಳಲ್ಲಿ ನಮ್ಮಿಬ್ಬರ ಬಾಯಿಯೂ ಮುಚ್ಚಿರುವುದು ಒಂದೂ ಇಲ್ಲ.

ತಿಕೋಟಾದಲ್ಲಿ ಸಂಸಾರ ಶುರುವಾಯಿತು. ಚೀಲದ ಜೊತೆಯೇ ಬಬಲೇಶ್ವರದ ಶಾಲೆಗೂ ಹೋಗಿಬಂದೆ. ಆ ವರ್ಷದ ಕೊನೆಗೆ ಮತ್ತೆ ಫೋಟೋ ತೆಗೆದಾಗ ಬಾವು ಇಳಿದಿತ್ತು. ಜೋಡಿಸಬಹುದು ಎಂದರು ಸರ್ಜನ್, ಆದರೆ ಹೊಲಿಗೆ ಸೋರುವ ಅಪಾಯ ಇದ್ದೇ ಇದೆ, ಸೋರಿದರೆ ಮತ್ತೆ ಚೀಲ ಎಂದರು. ಇವರು, “ನಿನ್ನ ಹೊಟ್ಟಿ, ನೀ ಹೇಳಿದಂಗ. ಹಿಂಗ ಇದ್ರೂ ನನಗ ನಡೀತೈತಿ” ಎಂದರು. ಎರಡು ದಿನ ಯೋಚಿಸಿದೆ. ಚೀಲಕ್ಕೆ ಒಗ್ಗಿಹೋಗಿದ್ದೆ, ನಿಜ. ಆದರೆ ನನಗೆ ಚಿಕ್ಕಂದಿನಿಂದ ಬೋರಲು ಮಲಗುವ ಅಭ್ಯಾಸ. ಒಂದು ಸಲ, ಒಂದೇ ಸಲ, ಹೊಟ್ಟೆ ಕೆಳಗೆ ಮಾಡಿ ಸುಖವಾಗಿ ನಿದ್ದೆ ಮಾಡಬೇಕೆಂಬ ಆಸೆಯಾಗಿತ್ತು. ಸರ್ಜನ್‌ಗೆ ಅದನ್ನೇ ಹೇಳಿದೆ. ಅವರು ಬರೆದುಕೊಳ್ಳುವುದನ್ನು ನಿಲ್ಲಿಸಿ ನಕ್ಕರು.

ಆಪರೇಷನ್ ಆದ ಮೇಲೆ ಎಲ್ಲರೂ ಕಾಯುತ್ತಿದ್ದದ್ದು ಒಂದಕ್ಕೇ, ಹಳೆಯ ದಾರಿಯಿಂದ ಗಾಳಿ ಹೋಗುವುದಕ್ಕೆ. ಅದಾದರೆ ಜೋಡಣೆ ಕೆಲಸ ಮಾಡುತ್ತಿದೆ ಎಂದು ಗುರುತು. ಡಾಕ್ಟರು ಬಂದರೆ ಅದೇ ಪ್ರಶ್ನೆ, ಕಸ ಗುಡಿಸುವ ಅಕ್ಕ ಬಂದರೂ ಅದೇ ಪ್ರಶ್ನೆ. ಇವರು ನನ್ನ ತೋಳು ಹಿಡಿದು ವರಾಂಡದಲ್ಲಿ ನಡೆಸುತ್ತಿದ್ದರು. ಒಂದು ಬೆಳಿಗ್ಗೆ ನೀರಿನ ಕೊಡದ ಹತ್ತಿರ ನಾನು ನಿಂತುಬಿಟ್ಟೆ.

“ಯಾಕ, ನೋವಾತೇನು?”

“ಇಲ್ರಿ. ಆತು.”

“ಏನಾತು?”

“ಆತ್ರಿ ಅನ್ನಾಕತ್ತೇನಲ್ಲ.”

ಇವರಿಗೆ ತಿಳಿಯಲು ಒಂದು ಗಳಿಗೆ ಬೇಕಾಯಿತು. ನನ್ನನ್ನು ಅಲ್ಲೇ ಗೋಡೆಗೆ ಒರಗಿಸಿ ನರ್ಸ್ ಕೋಣೆಗೆ ಓಡಿದರು, ಅಲ್ಲಿಂದ ಬಾಗಿಲ ಕಾವಲಿನವರಿಗೆ ಹೇಳಿದರು, ಎದುರಿಗೆ ಬಂದ ಅಪರಿಚಿತ ಮುದುಕರಿಗೂ ಹೇಳಿದರು. ಆ ಮುದುಕರು ಏನು ಕೇಳಿಸಿಕೊಂಡರೋ, “ಗಂಡೋ ಹೆಣ್ಣೋ?” ಎಂದರು. ಅತ್ತೆಗೆ ಫೋನು ಹಚ್ಚಿ ನನ್ನ ಕೈಗೆ ಕೊಟ್ಟಾಗ ಅವರು ಕೇಳಿದ್ದು, “ಜೋರ್ ಬಂತೋ, ಸಣ್ಣಗ ಬಂತೋ?”

“ಸಣ್ಣಗ ರೀ.”

“ಇರ್ಲಿ ಬಿಡವಾ. ನಾಳಿ ಜೋರ್ ಬರತೈತಿ.”

ಮನೆಗೆ ಬಂದ ಮೇಲೆ ಎಲ್ಲ ಒಮ್ಮೆಲೇ ಸರಿಹೋಗಲಿಲ್ಲ. ಕೆಲವು ತಿಂಗಳು ನನ್ನ ಓಡಾಟವೆಲ್ಲ ಮಂಚದಿಂದ ಸಂಡಾಸಿಗೆ, ಸಂಡಾಸಿನಿಂದ ಮಂಚಕ್ಕೆ. ಅವಸರವಾಯಿತೆಂದರೆ ಕಾಯುವ ಮಾತೇ ಇಲ್ಲ. ನಿಧಾನಕ್ಕೆ ಅದೂ ಹದಕ್ಕೆ ಬಂತು. ಈಗ ಹೊಟ್ಟೆಯ ಎಡಗಡೆ ಒಂದು ಗುಳಿ ಇದೆ, ನಡುವೆ ಉದ್ದಕ್ಕೆ ಗೆರೆ.

ಮೊನ್ನೆ ಶಾಲೆ ಬಿಟ್ಟ ಮೇಲೆ ಇವರು ಬಬಲೇಶ್ವರಕ್ಕೆ ಬೈಕ್ ತಂದಿದ್ದರು. ಬಸ್ ಸ್ಟ್ಯಾಂಡಿನ ಹತ್ತಿರ ಬಿಸಿಬಿಸಿ ಮಿರ್ಚಿ ಭಜಿ ಕರಿಯುತ್ತಿದ್ದರು. ನಾನು ಮನಸ್ಸು ತುಂಬುವಷ್ಟು ತಿಂದು ಚುರುಮುರಿಯನ್ನೂ ಹೇಳಿದೆ. ಇವರು ಒಂದೇ ಭಜಿಯನ್ನು ಹಿಡಿದು ಕುಳಿತಿದ್ದರು. ಮುಖದ ಮೇಲೆ ಬೆವರು.

“ಏನಾತ್ರಿ?”

“ನಿನ್ನೆ ಕಳ್ಳಕವಟಗಿ ಊರಾಗ ಏನೋ ತಿಂದಿದ್ನಿ” ಎಂದು ತಗ್ಗಿದ ದನಿಯಲ್ಲಿ ಹೇಳಿ, ಎದ್ದು ನಿಂತು, ಭಜಿಯವನನ್ನು ಕೇಳಿದರು, “ಇಲ್ಲಿ ಸಂಡಾಸ್ ಎಲ್ಲೈತ್ರಿ?”

ಅವನು ದೂರಕ್ಕೆ ಕೈ ತೋರಿಸಿದ. ಇವರು ನಡೆಯುತ್ತ ಹೋಗಿ, ಸ್ವಲ್ಪ ದೂರದ ಮೇಲೆ ಓಡತೊಡಗಿದರು. ಚುರುಮುರಿ ಬಂತು. ಇವರ ಪಾಲನ್ನೂ ನಾನೇ ತಿಂದೆ.