ಬ್ಯಾಟರಾಯನಪುರದ ವೀರಪತ್ನಿ ಮುನಿಕೆಂಪಮ್ಮ

ಚೀನಾದವರು ನಮ್ಮ ಗಡಿಯೊಳಕ್ಕೆ ನುಗ್ಗಿದ ವರ್ಷ ಬ್ಯಾಟರಾಯನಪುರದಿಂದ ಯುದ್ಧಕ್ಕೆ ಹೋದವರು ಯಾರೂ ಇಲ್ಲ. ಯುದ್ಧದ ಬಗ್ಗೆ ಬರೆಯಲು ಮಾತ್ರ ಒಬ್ಬ ಹೋದ. ಹೋದದ್ದು ತನ್ನ ಮನೆಯ ಅಟ್ಟಕ್ಕೆ. ಅವನು ರಾಮಕೃಷ್ಣಪ್ಪ, ಊರಿನ ಯುವಕ ಸಂಘದ ಅಧ್ಯಕ್ಷ, ನಾಟಕಕರ್ತ, ನಿರ್ದೇಶಕ, ಇನ್ನೊಬ್ಬರು ಆಗಿಬಿಟ್ಟಾರೆಂದು ನಾಯಕನೂ ತಾನೇ. ಕಾಲಿಗೆ ಅಂಟಿದ ಪ್ಯಾಂಟು, ಹಣೆಯ ಮೇಲೆ ಎಣ್ಣೆಯ ಬಲದಿಂದ ಎದ್ದುನಿಂತ ಕೂದಲ ಗೋಪುರ. ಸೈನ್ಯಕ್ಕೆ ಆಳು ತೆಗೆದುಕೊಳ್ಳುವವರ ಲಾರಿ ಯಲಹಂಕಕ್ಕೆ ಬಂದ ದಿನ ಈ ಮಹಾವೀರನಿಗೆ ಹೊಟ್ಟೆ ಕೆಟ್ಟಿತ್ತು. ಲಾರಿ ಹೊರಟುಹೋಯಿತು, ಹೊಟ್ಟೆ ಸರಿಹೋಯಿತು, ಅವನು ಅಟ್ಟ ಹತ್ತಿ ಹಿಮಾಲಯದ ಮೇಲಿದ್ದ ಶತ್ರುಗಳನ್ನೆಲ್ಲ ಪೆನ್ನಿನಲ್ಲೇ ಕೆಡವಿಹಾಕಿದ.

ಆದರೆ ಇದು ಅವನ ಚರಿತ್ರೆಯಲ್ಲ. ಅವನನ್ನು ಮದುವೆಯಾಗಬೇಕಿದ್ದ ಮುನಿಕೆಂಪಮ್ಮನದು.

ಕೆಂಪಿಯ ಅಪ್ಪ ಮುನಿಯಲ್ಲಪ್ಪ ಗಾಡಿಯಲ್ಲಿ ಪೇಟೆಗೆ ತರಕಾರಿ ಹೊಡೆಯುತ್ತಿದ್ದ. ಗಾಡಿಯ ಎತ್ತುಗಳು ಅವನಿಗೆ ಹೆದರುತ್ತಿದ್ದವು, ಅವನು ತನ್ನ ಅಕ್ಕ ಅಕ್ಕಯ್ಯಮ್ಮನಿಗೆ ಹೆದರುತ್ತಿದ್ದ. ಮಗಳು ಹೆಬ್ಬಾಳಕ್ಕೆ ನಡೆದು ಹೋಗಿ ಹೈಸ್ಕೂಲು ಮುಗಿಸಿದ್ದಳು. ಎರಡು ಜಡೆ, ಕೆಂಪು ರಿಬ್ಬನ್ನು, ಎದುರಿಗಿದ್ದವರು ಯಾರೇ ಆಗಲಿ ಅವರಿಗಿಂತ ಒಂದು ಗಳಿಗೆ ಮೊದಲೇ ನಕ್ಕುಬಿಡುವ ಚಾಳಿ.

ಆ ಚಳಿಗಾಲ ಮಧ್ಯಾಹ್ನದ ಹೊತ್ತು ಅವರ ಜಗಲಿಯಲ್ಲಿ ಊರಿನ ಹುಡುಗಿಯರು ಅವರೆಕಾಯಿ ಬಿಡಿಸಲು ಸೇರುತ್ತಿದ್ದರು. ಕೆಂಪಿ ವಾರಪತ್ರಿಕೆಯ ಯುದ್ಧದ ಕಥೆಗಳನ್ನು ಗಟ್ಟಿಯಾಗಿ ಓದುತ್ತಿದ್ದಳು. ಆ ಕಥೆಗಳ ಹೆಂಗಸರಿಗೆ ಬೇರೆ ಕಸುಬೇ ಇರಲಿಲ್ಲ. ಗಂಡ ಹೊರಟರೆ ಆರತಿ ಎತ್ತುವುದು, ರಕ್ಷಣಾ ನಿಧಿಗೆ ಒಡವೆ ಬಿಚ್ಚಿಕೊಡುವುದು, ಟೆಲಿಗ್ರಾಂ ಬಂದೊಡನೆ ಬಳೆ ಒಡೆದುಕೊಂಡು ದೇಶಕ್ಕೆ ಜೈ ಎಂದು ಸಾಯುವುದು. ಒಬ್ಬಳಿಗೂ ಹಸಿವಾಗುತ್ತಿರಲಿಲ್ಲ, ಒಬ್ಬಳಿಗೂ ನೆಗಡಿಯಾಗುತ್ತಿರಲಿಲ್ಲ.

"ಇವಳೂ ಸತ್ಲೇನೇ?" ಎಂದಳು ಗೆಳತಿ ಮಾರಕ್ಕ, ಕಾಳು ಹಿಚುಕುತ್ತಾ.

"ಸತ್ಲು. ಟೆಲಿಗ್ರಾಂ ತಂದೋನು ಇನ್ನೂ ಸೈಕಲ್ ಹತ್ತಿಲ್ಲ, ಅಷ್ಟರಲ್ಲಿ ಸತ್ಲು."

"ಒಲೆ ಮೇಲೆ ಏನಾನ ಇಟ್ಟಿದ್ಲೋ ಏನೋ ಪಾಪ. ಸೀದೋಗಿರ್ತದೆ."

ಕೆಂಪಿಗೆ ಸಾಯುವ ಆಸೆ ಇರಲಿಲ್ಲ. ಜಾಲಹಳ್ಳಿಯ ಕಡೆ ಹೊಸದಾಗಿ ಎದ್ದಿದ್ದ ಕೈಗಡಿಯಾರದ ಕಾರ್ಖಾನೆಯಲ್ಲಿ ಹುಡುಗಿಯರನ್ನು ಕೆಲಸಕ್ಕೆ ತೆಗೆದುಕೊಳ್ಳುತ್ತಿದ್ದರು. ಸಾಸಿವೆಗಿಂತ ಸಣ್ಣ ತಿರುಪನ್ನು ಚಿಮಟದಲ್ಲಿ ಹಿಡಿಯುವ ಪರೀಕ್ಷೆಯಲ್ಲಿ ಅವಳು ಗೆದ್ದಿದ್ದಳು. ಯುಗಾದಿ ಕಳೆದ ಮೇಲೆ ಬಂದು ಸೇರಿಕೋ ಎಂದಿದ್ದರು. ಒಂದೇ ಷರತ್ತು: ಗಾಜಿನ ಪುಡಿ ಯಂತ್ರಕ್ಕೆ ಬೀಳದಂತೆ ಕೈಯಲ್ಲಿ ಬಳೆ ಇರಕೂಡದು.

ಅದೇ ವಾರ ಅಕ್ಕಯ್ಯಮ್ಮ ವೀಳ್ಯದ ತಟ್ಟೆ ಹಿಡಿದು ಬಂದಳು. ತಮ್ಮನ ಮಗಳು ತನ್ನ ಮಗ ರಾಮಕೃಷ್ಣಪ್ಪನಿಗೆ ಎಂದು ಅವಳು ತೊಟ್ಟಿಲಲ್ಲೇ ತೀರ್ಮಾನ ಮಾಡಿದ್ದಳು. ತಮ್ಮನನ್ನು ಕೇಳುವ ಪದ್ಧತಿ ಇರಲಿಲ್ಲ. ಕೆಂಪಿಯ ಎರಡು ಕೈಗೂ ಹಸಿರು ಗಾಜಿನ ಬಳೆ ತೊಡಿಸಿ ಕಟ್ಟಳೆ ವಿಧಿಸಿದಳು: "ಮದುವೆಗಂಟ ಇವು ಕೈ ಬಿಟ್ಟು ಇಳೀಕೂಡ್ದು. ಇದು ನನ್ನ ಮಗನ ಆಯಸ್ಸು. ಕಾರ್ಖಾನೆಗೀರ್ಖಾನೆ ಅಂದ್ರೆ ಕಾಲು ಮುರೀತೀನಿ."

"ಕೆಲಸಕ್ಕೆ ಸೇರ್ಕೊಂಡು ಆಮೇಲೆ ಮದುವೆ ಆದ್ರೆ ಏನಾಗ್ತದತ್ತೆ?"

"ಹೆಂಡ್ತಿ ದುಡಿದು ಹಾಕೋಕೆ ನನ್ನ ಮಗ ಏನು ಕುಂಟನಾ? ಕವಿ ಕಣೇ ಅವನು!"

ಎರಡಕ್ಕೂ ಅಂಥ ವ್ಯತ್ಯಾಸವಿದೆಯೇ ಎಂದು ಕೆಂಪಿ ಕೇಳಲಿಲ್ಲ. ಅಪ್ಪನ ಮುಖ ನೋಡಿದಳು. ಅಪ್ಪ ಎತ್ತಿಗೆ ಹುಲ್ಲು ಹಾಕಲು ಎದ್ದುಹೋದ. ಎತ್ತಿನ ಮುಂದೆ ಆಗಲೇ ಹುಲ್ಲು ರಾಶಿ ಬಿದ್ದಿತ್ತು.

ಇತ್ತ ರಕ್ಷಣಾ ನಿಧಿಯ ಸಹಾಯಾರ್ಥ ರಾಮಕೃಷ್ಣಪ್ಪನ 'ಹಿಮದಲ್ಲಿ ಅರಳಿದ ಕುಂಕುಮ' ನಾಟಕ ಸಿದ್ಧವಾಯಿತು. ಊರಿನ ನಾಟಕಗಳಲ್ಲಿ ಹೆಣ್ಣುಪಾತ್ರವೆಂದರೆ ಬೈರಣ್ಣ. ಬೆಳಿಗ್ಗೆ ಹಾಲು ಕರೆದು, ಸಂಜೆ ಮೀಸೆ ಬೋಳಿಸಿ, ಸೀರೆ ಉಟ್ಟು ನಿಂತರೆ ಅವನ ಹೆಂಡತಿಗೇ ಹೊಟ್ಟೆಕಿಚ್ಚು. ಪ್ರತಿ ನಾಟಕದ ಕೊನೆಗೂ ವಿಧವೆಯಾಗಿ, ಮಣೆಗೆ ಕೈ ಬಡಿದು ಬಳೆ ಒಡೆದು, ಮರುದಿನ ಮತ್ತೆ ಹಾಲು ಕರೆಯುತ್ತಿದ್ದ. ವರ್ಷಾನುಗಟ್ಟಲೆ ಇದನ್ನೇ ನೋಡಿ ಊರಿಗೆ ಬಳೆ ಒಡೆಯುವುದೆಂದರೆ ಚಪ್ಪಾಳೆ ತಟ್ಟುವ ಹೊತ್ತು ಎಂದಷ್ಟೇ ಆಗಿಹೋಗಿತ್ತು.

ಆದರೆ ಪೇಟೆಯಲ್ಲಿ ಈಗ ಹೆಣ್ಣಿನ ಪಾತ್ರವನ್ನು ಹೆಣ್ಣೇ ಮಾಡುತ್ತಾಳಂತೆ. ನಮ್ಮ ಕವಿ ಪೇಟೆಗಿಂತ ಹಿಂದೆ ಬೀಳುವನೇ? ನಾಟಕ ಕಂಪನಿಯ ನಟಿಯನ್ನು ಕರೆಸೋಣವೆಂದರೆ, ಮಗ ಅಂಥವಳ ತೊಡೆಯ ಮೇಲೆ ಸಾಯುವುದಕ್ಕೆ ಅಕ್ಕಯ್ಯಮ್ಮ ಒಪ್ಪಲಿಲ್ಲ. ಹೇಗೂ ಮನೆಗೆ ಬರುವ ಸೊಸೆ ಇದ್ದಾಳಲ್ಲ, ಸಾಯುವುದಾದರೆ ಅವಳ ತೊಡೆಯ ಮೇಲೆಯೇ ಸಾಯಲಿ ಎಂದು ತಾನೇ ಅಪ್ಪಣೆ ಕೊಟ್ಟಳು.

ಅಭ್ಯಾಸದಲ್ಲಿ ಬಳೆ ದಂಡ ಮಾಡುತ್ತಿರಲಿಲ್ಲ. "ಇಲ್ಲಿ ಬಳೆ ಒಡಕೋತೀಯ, ಮುಂದಕ್ಕೆ ನಡಿ," ಎಂದು ಕವಿ ದಾಟಿಸುತ್ತಿದ್ದ.

"ನಾಟಕದ ದಿನ ನಿಜವಾಗ್ಲೂ ಒಡೀಬೇಕಾ ಬಾವ?" ಎಂದಳು ಕೆಂಪಿ.

ಅವನು ಗೋಪುರ ನೀವಿಕೊಂಡ. "ಕಲೆಯಲ್ಲಿ ಸುಳ್ಳು ಇರಬಾರದು ಕೆಂಪಿ. ಗಾಜಿನ ಸದ್ದು ಕೊನೇ ಸಾಲಿಗೆ ಕೇಳಿಸ್ಬೇಕು."

"ಆಮೇಲೆ ಬ್ಯಾಡ ಅನ್ನಕೂಡ್ದು ಮತ್ತೆ."

"ಬರೆದವನು ನಾನು. ನಾನ್ಯಾಕೆ ಬೇಡ ಅನ್ಲಿ?"

ಮೂಲೆಯಲ್ಲಿ ಪಾತ್ರ ಕಳೆದುಕೊಂಡು ಕೂತಿದ್ದ ಬೈರಣ್ಣನೊಬ್ಬನೇ ಅವಳ ಕೈಯ ಹಸಿರು ಬಳೆಗಳನ್ನು ನೋಡಿದ, ಅವಳ ಮುಖ ನೋಡಿದ, ಬಾಯಿಗೆ ಎಲೆಅಡಿಕೆ ತುಂಬಿಕೊಂಡ.

ಮುಖ್ಯ ಅತಿಥಿಗೆ ಬಸ್ಸು ತಪ್ಪಬಾರದೆಂದು ಭಾನುವಾರ ಮಧ್ಯಾಹ್ನವೇ ನಾಟಕ. ಮುಂದಿನ ಸಾಲಿನ ನಡುವೆ ರೇಷ್ಮೆ ಸೀರೆಯಲ್ಲಿ ಅಕ್ಕಯ್ಯಮ್ಮ. ರಾಮಕೃಷ್ಣಪ್ಪ ಮರದ ಬಂದೂಕು ಹಿಡಿದು ಒಂದು ಇಡೀ ಸೈನ್ಯವನ್ನು ಮಾತಿನಲ್ಲೇ ಸುಸ್ತು ಮಾಡಿದ. ಎದೆಗೆ ಗುಂಡು ಬಿದ್ದ ಮೇಲೂ ಅವನು ಆಡಿದ ಮಾತು, ಗುಂಡು ಬೀಳದವರಿಗೂ ಆಡಲು ಉಸಿರು ಸಾಲದಷ್ಟಿತ್ತು. ಕಟ್ಟಕಡೆಗೆ, ಶ್ರೋತೃಗಳ ಪುಣ್ಯಕ್ಕೆ, ಸತ್ತ.

ಕೆಂಪಿ ಬಂದಳು. ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡಳು. ಬರೆದುಕೊಟ್ಟಿದ್ದ ಶೋಕವನ್ನು ಒಂದಕ್ಷರ ಬಿಡದೆ ಹೇಳಿದಳು. ಒಡೆಯಲೆಂದು ಪಕ್ಕದಲ್ಲಿ ಸಂಘದವರು ಇಟ್ಟಿದ್ದ ಕೆಂಪು ಬಳೆಗಳ ತಟ್ಟೆಯನ್ನು ಮುಟ್ಟಲೇ ಇಲ್ಲ. ಎರಡು ಕೈಯನ್ನೂ ಎತ್ತಿ, ಅತ್ತೆ ತೊಡಿಸಿದ ಹಸಿರು ಬಳೆಗಳನ್ನು ಮಣೆಗೆ ಬಡಿದಳು. ಸದ್ದು ಕೊನೆಯ ಸಾಲಿಗೆ ಕೇಳಿಸಿತು.

ಚಪ್ಪಾಳೆ ಬರಲಿಲ್ಲ. ಬಂದದ್ದು ಮುಂದಿನ ಸಾಲಿನಿಂದ ಒಂದು ಚೀತ್ಕಾರ.

"ಅಯ್ಯಯ್ಯೋ! ಒಡೆದಾಕಿದ್ಲಲ್ಲಪ್ಪೋ! ತಾಳಿಗೆ ಮುಂಚೆ ನನ್ನ ಮಗನ್ನ ಸಾಯಿಸಿಬಿಟ್ಲಲ್ಲೋ ಮುನಿಯಲ್ಲಾ!"

ಹೆಣ ಧಡಕ್ಕನೆ ಎದ್ದು ಕೂತಿತು. "ಅವ್ವಾ, ನಾಟಕ ಕಣವ್ವಾ!"

"ನೀನು ಮಲಕ್ಕೋ ಸುಮ್ಕೆ! ಯಾವ ಬಳೆ ಅಂತ ನೋಡಿದೇನ್ಲಾ?"

ಹೆಣ ಬಗ್ಗಿ ಚೂರುಗಳನ್ನು ನೋಡಿತು. ಗೋಪುರ ಕುಸಿಯಿತು. ಅರ್ಧ ಹಿಮಾಲಯ ಗೆದ್ದಿದ್ದ ವೀರ ತನ್ನ ನಾಡಿಯನ್ನು ತಾನೇ ಹಿಡಿದು ನೋಡಿಕೊಂಡು, ಇನ್ನೊಮ್ಮೆ ನೋಡಿಕೊಂಡು, ವೇದಿಕೆಯ ಹಿಂದಿನಿಂದ ಇಳಿದು ಮನೆಗೆ ಓಡಿದ.

"ಕಲೆಯಲ್ಲಿ ಸುಳ್ಳು ಇರಬಾರ್ದು ಅಂತ ಬಾವನೇ ಹೇಳಿತ್ತು ಅತ್ತೆ," ಎಂದಳು ಕೆಂಪಿ, ಕೈ ಒರೆಸಿಕೊಳ್ಳುತ್ತಾ. ಮಣಿಕಟ್ಟಿನಲ್ಲಿ ಸಣ್ಣಗೆ ರಕ್ತ ಜಿನುಗಿತ್ತು.

ಅಕ್ಕಯ್ಯಮ್ಮ ಅಲ್ಲೇ ವೀಳ್ಯ ಮುರಿದು ಈ ಸಂಬಂಧ ಬೇಡವೆಂದಳು. ಮಗನನ್ನು ಮೂರು ದೇವಸ್ಥಾನ ಸುತ್ತಿಸಿ, ತಲೆಯ ಗೋಪುರವನ್ನು ಮುಡಿ ಕೊಡಿಸಿ, ಆಯಸ್ಸನ್ನು ಭದ್ರ ಮಾಡಿಸಿದಳು. ಊರು ಕೆಂಪಿಯನ್ನು ಮದುವೆಗೆ ಮುಂಚಿನ ಮುಂಡೆ ಎಂದಿತು. ಶುಭಕಾರ್ಯಗಳಿಗೆ ಕರೆಯುವುದನ್ನು ಬಿಟ್ಟಿತು, ಎದುರಿಗೆ ಬಂದರೆ ದಾರಿ ಬದಲಿಸಿತು. ಮಗಳನ್ನು ಇನ್ನು ಯಾರು ಕೇಳುತ್ತಾರೆಂದು ಮುನಿಯಲ್ಲಪ್ಪ ಎತ್ತುಗಳ ಬಳಿ ಅತ್ತ. ಯುಗಾದಿ ಕಳೆದ ಸೋಮವಾರ, ಹಾಳಾಗಿ ಹೋಗಲಿ ಎಂದುಕೊಂಡೇ, ಅವಳನ್ನು ಗಾಡಿಯಲ್ಲಿ ಹೆಬ್ಬಾಳಕ್ಕೆ ಬರುವ ಕಾರ್ಖಾನೆ ಬಸ್ಸಿನವರೆಗೆ ಬಿಟ್ಟುಬಂದ. ಬೋಳುಗೈ, ಎರಡು ಜಡೆ, ಊಟದ ಡಬ್ಬಿ. ದಾರಿಯಲ್ಲಿ ಎದುರಾದ ಮೂವರು ಅಪಶಕುನವೆಂದು ಹಿಂತಿರುಗಿದರು. ಅವಳ ಬಸ್ಸು ಮಾತ್ರ ಮುಂದಕ್ಕೇ ಹೋಯಿತು.

ಅರವತ್ತೈದರಲ್ಲಿ ಇನ್ನೊಂದು ಯುದ್ಧವಾಯಿತು. ರಾಮಕೃಷ್ಣಪ್ಪ ಇನ್ನೊಂದು ನಾಟಕ ಬರೆದ. ಈ ಸಲ ಅಪಾಯಕ್ಕೆ ಎಡೆಗೊಡದೆ ನಾಯಕಿಯನ್ನು ಮೊದಲ ಅಂಕದಲ್ಲೇ ಕೊಂದುಬಿಟ್ಟಿದ್ದ. ಪಾತ್ರವನ್ನು ಮತ್ತೆ ಬೈರಣ್ಣನಿಗೇ ಕೊಟ್ಟಿದ್ದ. ಕೆಂಪಿ ವೇದಿಕೆಯ ಪಕ್ಕ ನಿಂತು ಅಷ್ಟನ್ನು ನೋಡಿದಳು. ಕೈಗಡಿಯಾರ ನೋಡಿಕೊಂಡಳು.

"ಇವಳೂ ಸತ್ಲು," ಎಂದಳು ಮಾರಕ್ಕನಿಗೆ.

ಸತ್ತು ಬಿದ್ದಿದ್ದ ಬೈರಣ್ಣ ಒಂದು ಕಣ್ಣು ತೆರೆದ. "ಹೊಂಟ್ಯೇನಮ್ಮಾ ಕೆಂಪಿ?"

"ಶಿಫ್ಟ್ ಐತೆ ಕಣಣ್ಣಾ. ನೀನು ಮಲಕ್ಕೋ."