ಬೇಕಾದಾಗ ಮಾತ್ರ

ಅಕ್ಕನ ಹೊಟ್ಟೆನೋವನ್ನು ನಾವೆಲ್ಲ ಗ್ಯಾಸ್ ಎಂದೇ ತಿಳಿದಿದ್ದೆವು. ಐವರ್ನಾಡಿನಲ್ಲಿ ಅವಳದೊಂದು ಸಣ್ಣ ಹೊಲಿಗೆ ಅಂಗಡಿ. ಮದುವೆಗಳ ಕಾಲದಲ್ಲಿ ಹೊತ್ತಿಗೆ ಸರಿಯಾಗಿ ಊಟವಿಲ್ಲ, ಮಿಷನ್ನಿನ ಮುಂದೆ ಬಗ್ಗಿ ಕೂತರೆ ಕೂತದ್ದೇ. ಆದರೆ ಅವಳು ತಾನೇ ಹೊಲಿದುಕೊಂಡ ರವಿಕೆಗಳು ಅವಳಿಗೇ ದೊಡ್ಡವಾಗತೊಡಗಿದಾಗ ನನಗೆ ಭಯವಾಯಿತು. ಪುತ್ತೂರಿನ ನನ್ನ ಮನೆಗೆ ಕರೆಸಿಕೊಂಡು ಆಸ್ಪತ್ರೆಗೆ ಕರೆದೊಯ್ದೆ.

ಸ್ಕ್ಯಾನ್ ನೋಡಿದ ಡಾಕ್ಟರು ಒಳ್ಳೆಯ ಕನ್ನಡದಲ್ಲೇ ಮಾತಾಡಿದರು. ಮುಖ್ಯವಾದ ಜಾಗಕ್ಕೆ ಬಂದಾಗ ಮಾತ್ರ, "ಸ್ವಲ್ಪ ಅಡ್ವಾನ್ಸ್ ಆಗಿದೆ" ಎಂದರು. ಆಪರೇಷನ್ ಮಾಡುವ ಹಾಗಿಲ್ಲ ಎಂದರು.

ಹೊರಗೆ ಬೆಂಚಿನಲ್ಲಿ ಕೂತ ಮೇಲೆ ಅಕ್ಕ ಕೇಳಿದಳು. "ಅಡ್ವಾನ್ಸ್ ಅಂದ್ರೆ ಎಂತ? ಹೊಲಿಗೆಗೆ ಮೊದ್ಲೇ ಕೊಡುದಲ್ವಾ?"

"ಮುಂದೆ ಹೋಗಿದೆ ಅಂತ."

"ಎಂತ ಮುಂದೆ ಹೋದದ್ದು?"

"ಕಾಯಿಲೆ."

"ಕ್ಯಾನ್ಸರಾ?"

ನಾನು ತಲೆಯಾಡಿಸಿದೆ. ಆ ಶಬ್ದಕ್ಕೆ ಅವಳು ಅರ್ಥ ಕೇಳಲಿಲ್ಲ. ಸೆರಗಿನ ಅಂಚನ್ನು ಬೆರಳಿನಲ್ಲಿ ಮಡಚುತ್ತಾ, ಬಿಡಿಸುತ್ತಾ ಇದ್ದವಳು, "ನಿನ್ನ ಭಾವನಿಗೆ ನೀನೇ ಹೇಳು. ನಂಗೆ ಹೇಳ್ಲಿಕ್ಕೆ ಬರುದಿಲ್ಲ" ಎಂದಳು.

ಚೀಟಿಯಲ್ಲಿ ನೋವಿನ ಮಾತ್ರೆಯ ಪಕ್ಕ 'ಎಸ್‌ಒಎಸ್' ಎಂದಿತ್ತು. ಮೆಡಿಕಲ್‌ನಲ್ಲಿ ಕೇಳಿದೆ. "ಬೇಕಾದಾಗ ಮಾತ್ರ" ಎಂದರು. ನಾನು ಅದನ್ನೇ ಅಕ್ಕನಿಗೆ ಹೇಳಿ ಅವಳನ್ನು ಐವರ್ನಾಡಿಗೆ ಬಿಟ್ಟು ಬಂದೆ.

ಕೆಲವು ವಾರ ಕಳೆದು ಭಾವ ಫೋನ್ ಮಾಡಿದರು. "ಅವಳು ಮಾತೇ ಆಡುದಿಲ್ಲ. ನೀನೊಮ್ಮೆ ಬಾ." ಹೋಗಿ ನೋಡಿದರೆ ಅಕ್ಕ ಗೋಡೆಗೆ ಮುಖ ಮಾಡಿ ಮಲಗಿದ್ದಳು. ಹಣೆಯೆಲ್ಲ ಬೆವರು. ದಿಂಬಿನ ಬದಿಯಲ್ಲಿದ್ದ ನೋವಿನ ಮಾತ್ರೆಯ ಸ್ಟ್ರಿಪ್ ಹೆಚ್ಚುಕಡಿಮೆ ಹಾಗೆಯೇ ಇತ್ತು.

"ಯಾಕೆ ತಗೊಳ್ಳಲಿಲ್ಲ ಅಕ್ಕ?"

"ಬೇಕಾದಾಗ ಮಾತ್ರ ಅಂತ ಹೇಳಿದ್ದಲ್ವಾ? ಇನ್ನೂ ಹೇಗೋ ತಡಕೊಳ್ಳಿಕ್ಕೆ ಆಗ್ತದೆ."

ನಾನು ಆಸ್ಪತ್ರೆಗೆ ಫೋನ್ ಮಾಡಿದೆ. ಮರುದಿನ ಅಲ್ಲಿಂದ ಒಬ್ಬ ನರ್ಸ್ ಮನೆಗೇ ಬಂದರು. ತಾನು ಪ್ಯಾಲಿಯೇಟಿವ್ ವಿಭಾಗದವಳು ಎಂದರು. ಹೊಸ ಚಿಕಿತ್ಸೆಯೋ ಏನೋ ಎಂದು ಭಾವನ ಮುಖ ಅರಳಿತು. "ಹಾಗಂದ್ರೆ ಎಂತ?" ಎಂದು ಕೇಳಿದರು.

"ಕಾಯಿಲೆ ಗುಣ ಮಾಡ್ಲಿಕ್ಕೆ ಆಗುದಿಲ್ಲ ಅಣ್ಣ. ನೋವು ಕಡಿಮೆ ಮಾಡ್ಲಿಕ್ಕೆ ಆಗ್ತದೆ. ನಾವು ಬರುದು ಅದಕ್ಕೆ."

ಮೊದಲನೆಯ ಮಾತನ್ನು ಅಷ್ಟು ನೇರವಾಗಿ ಅದುವರೆಗೆ ಯಾರೂ ಹೇಳಿರಲಿಲ್ಲ, ನಾನೂ. ಭಾವ ಎದ್ದು ಅಂಗಳಕ್ಕೆ ಹೋಗಿ, ಒಣಹಾಕಿದ್ದ ರಬ್ಬರ್ ಶೀಟುಗಳನ್ನು ಸುಮ್ಮನೆ ಮಗುಚಿ ಹಾಕತೊಡಗಿದರು.

ನರ್ಸ್ ಅಕ್ಕನ ಬಳಿ ಕೂತರು. "ಸೊನ್ನೆ ಅಂದ್ರೆ ನೋವೇ ಇಲ್ಲ, ಹತ್ತು ಅಂದ್ರೆ ತಡಿಲಿಕ್ಕೆ ಆಗದ್ದು. ನಿಮಗೆ ಎಷ್ಟು ಉಂಟು?"

"ಎರಡು," ಎಂದಳು ಅಕ್ಕ. ಅವಳ ಕೈ ಮಂಚದ ಅಂಚನ್ನು ಬಿಗಿಯಾಗಿ ಹಿಡಿದಿತ್ತು.

ನರ್ಸ್ ಆ ಕೈಯ ಮೇಲೆ ಕೈಯಿಟ್ಟು, "ಜಾಸ್ತಿ ಹೇಳಿದ್ರೆ ಯಾರೂ ಬೈಯುದಿಲ್ಲ" ಎಂದರು.

ಅಕ್ಕ ಮಂಚದ ಅಂಚನ್ನು ಬಿಟ್ಟು ಅವರ ಕೈ ಹಿಡಿದುಕೊಂಡಳು. ಆಮೇಲೆ, "ಹತ್ತು ಅಂತ ಈಗ್ಲೇ ಹೇಳಿದ್ರೆ ಮತ್ತೆ ಹೇಳ್ಲಿಕ್ಕೆ ಎಂತ ಉಂಟು?" ಎಂದು ಅತ್ತಳು. ಕಾಯಿಲೆ ಗೊತ್ತಾದ ಮೇಲೆ ನನ್ನೆದುರು ಅವಳು ಅತ್ತದ್ದು ಅದೇ ಮೊದಲು.

ನರ್ಸ್ ಡಾಕ್ಟರಿಗೆ ಫೋನ್ ಮಾಡಿ ಮಾತ್ರೆ ಬದಲಾಯಿಸಿದರು. "ಇದು ಹೊತ್ತು ಹೊತ್ತಿಗೆ ತಗೊಳ್ಳುದು. ನೋವಿಗೆ ಕಾಯ್ಲಿಕ್ಕೆ ಇಲ್ಲ" ಎಂದು ಎರಡೆರಡು ಸಲ ಹೇಳಿದರು. ಆಮೇಲಿನ ದಿನಗಳಲ್ಲಿ ಅಕ್ಕ ನಿದ್ದೆ ಮಾಡಿದಳು. ಜಗಲಿಯಲ್ಲಿ ಕೂತು, ಅರ್ಧಕ್ಕೆ ನಿಂತಿದ್ದ ರವಿಕೆಯ ತೋಳನ್ನು ನನ್ನಿಂದ ಬಿಚ್ಚಿಸಿ ಮತ್ತೆ ಹೊಲಿಸಿದಳು. ನನ್ನ ಹೊಲಿಗೆ ನೋಡಿ ನಕ್ಕಳು ಕೂಡ. ಮಳೆ ಹಿಡಿಯುವ ಮುಂಚೆ, ಒಂದು ಬೆಳಿಗ್ಗೆ ಭಾವ ಗಂಜಿತಿಳಿ ಕುಡಿಸುತ್ತಿದ್ದಾಗ ಹೋದಳು.

ಮರಣ ಪ್ರಮಾಣಪತ್ರಕ್ಕೆಂದು ಡಾಕ್ಟರು ಇಂಗ್ಲಿಷಿನಲ್ಲಿ ಕಾರಣ ಬರೆದುಕೊಟ್ಟರು. ಭಾವ ಅದನ್ನು ಕೂಡಿಸಿ ಕೂಡಿಸಿ ಓದಿ ನನ್ನತ್ತ ಹಿಡಿದರು.

"ಇದರಲ್ಲಿ ಹಾರ್ಟಿಂದು ಎಂತದೋ ಉಂಟಲ್ಲ. ತಪ್ಪಿ ಬರೆದದ್ದಾ?"

"ಇಲ್ಲ ಭಾವ. ಹೃದಯ ನಿಂತಿತು ಅಂತ. ಕಾಯಿಲೆಯ ಹೆಸರು ಕೆಳಗೆ ಉಂಟು ನೋಡಿ."

ಅವರು ಕಾಗದವನ್ನು ಮಡಚಿ ಅಂಗಿಯ ಜೇಬಿಗಿಟ್ಟರು.

"ಹಾರ್ಟ್ ಒಳ್ಳೆದೇ ಇತ್ತು ಅವಳದ್ದು," ಎಂದರು.