ಕಿತೇರಿಯಾಳ ಹೆಸರಿನಲ್ಲಿ ಕದ್ದ ಮೆಕ್ಕೆಜೋಳ

ಪೆದ್ರಾ ಮಾನ್ಸಾ ಊರಿನಲ್ಲಿ ಜೆನಿವಾಲನಿಗೆ ಮೊದಲು ಇದ್ದ ಹೆಸರು ಗುಂಡಿ ಜೆನಿವಾಲ್. ಬಾಡಿಗೆ ಬೈಕು ಓಡಿಸುತ್ತಿದ್ದ ಕಾಲದಲ್ಲಿ, ಪಾದ್ರಿಗಳನ್ನು ಹಿಂದೆ ಕೂರಿಸಿಕೊಂಡು, ನಡುಹಗಲಲ್ಲಿ, ರಸ್ತೆ ಮಧ್ಯೆ ಅಗೆದಿದ್ದ ಗುಂಡಿಗೆ ನೆಟ್ಟಗೆ ಇಳಿದ ಪುಣ್ಯಾತ್ಮ ಅವನು. ಅದಕ್ಕೂ ಮುಂಚೆ ಐಸ್‌ಕ್ಯಾಂಡಿ ಮಾರಲು ಹೋದ, ಕರಗಿದವು. ಕೋಳಿ ಸಾಕಿದ, ಸತ್ತವು. ಇವನು ಕೈ ಹಾಕಿದ್ದೆಲ್ಲ ಕೆಡುತ್ತದೆ ಎಂದು ಊರು ಎಂದೋ ತೀರ್ಮಾನ ಮಾಡಿಬಿಟ್ಟಿತ್ತು. ಅವನೂ ಅದನ್ನು ಒಪ್ಪಿಕೊಂಡು ತಲೆ ತಗ್ಗಿಸಿ ಓಡಾಡುತ್ತಿದ್ದ.

ಅಂಥವನನ್ನು ಊರು ಡಾಕ್ಟರ್ ಎಂದು ಕರೆಯಿತು ಎಂದರೆ ನಂಬುತ್ತೀರಾ? ಭಾವಮೈದ ಬಿಟ್ಟುಹೋದ ಹಳೆಯ ಕಂಪ್ಯೂಟರುಗಳನ್ನು ಮನೆಯ ಮುಂದಿನ ಕೋಣೆಯಲ್ಲಿ ಸಾಲಾಗಿ ಇಟ್ಟು ಅವನು ಇಂಟರ್ನೆಟ್ ಅಂಗಡಿ ತೆರೆದ. ಅದೇ ಸಮಯಕ್ಕೆ ಬ್ರೆಜಿಲ್ ದೇಶಕ್ಕೆಲ್ಲ ತೋಟದ ಆಟದ ಹುಚ್ಚು ಹಿಡಿಯಿತು. ಸ್ನೇಹಿತರೆಲ್ಲ ಸೇರುವ ಆ ಜಾಲತಾಣದೊಳಗೆ ಒಬ್ಬೊಬ್ಬರಿಗೂ ಒಂದು ತುಂಡು ಹೊಲ. ಬಿತ್ತಬೇಕು, ನೀರು ಹಾಯಿಸಬೇಕು, ಹುಳ ಹೆಕ್ಕಬೇಕು. ಪೈರು ಮಾಗಿದಾಗ ತಾನು ಬರುವುದು ತಡವಾದರೆ ನೆರೆಹೊಲದವರು ನುಗ್ಗಿ ಕದಿಯಬಹುದು. ನಿಜ ಹೇಳಬೇಕೆಂದರೆ ಆ ಕಳ್ಳತನವೇ ಆಟದ ಸ್ವಾರಸ್ಯ. ಇಗರ್ಜಿಯ ಮೆಟ್ಟಿಲ ಮೇಲೆ ನಿಂತೇ ಹೆಂಗಸರು "ನಿನ್ನ ಟೊಮ್ಯಾಟೊ ಎಲ್ಲಾ ಗುಳುಂ ಮಾಡ್ದೆ ಕಣೇ!" ಎಂದು ಕೇಕೆ ಹಾಕುತ್ತಿದ್ದರು.

ಆದರೆ ಆ ದರಿದ್ರ ಆಟ ಮಾತುಮಾತಿಗೆ ನಿಂತುಹೋಗುತ್ತಿತ್ತು. ಎತ್ತಿದ ಗುದ್ದಲಿ ಎತ್ತಿದಂತೆಯೇ, ಸುರಿದ ನೀರು ಗಾಳಿಯಲ್ಲಿಯೇ. ಆಗ ಕೂಗು ಬರುತ್ತಿತ್ತು.

"ಡಾಕ್ಟ್ರೇ! ನನ್ನ ಹಸು ಕಲ್ಲಾಗಿ ನಿಂತ್ಬಿಟ್ಟಿದೆ, ಬಾರೋ!" ಎಂದು ಕೂಗುತ್ತಿದ್ದವನು ಕಟುಕ ಒಸ್ಮಾರಿನೊ.

"ಎಷ್ಟು ಕಿಟಕಿ ತೆಗ್ದಿದ್ದೀಯೋ ಮಾರಾಯಾ? ಒಂದ್ರಲ್ಲಿ ಹಾಡು, ಒಂದ್ರಲ್ಲಿ ಫುಟ್‌ಬಾಲು, ಒಂದ್ರಲ್ಲಿ ಹಸು. ಬಡಪಾಯಿ ಮಿಷನ್ನು, ಎಷ್ಟು ಅಂತ ಹೊರತ್ತೆ?"

ಜೆನಿವಾಲ್ ಹೀಗೆ ಗದರಿಕೊಂಡೇ ಬೇಡದ ಕಿಟಕಿಗಳನ್ನು ಮುಚ್ಚುತ್ತಿದ್ದ. ಆಟದ ಮೇಲೆ ಮೌಸಿನ ಬಲಗುಂಡಿ ಒತ್ತಿ ಚಿತ್ರದ ಮಟ್ಟ ಇಳಿಸುತ್ತಿದ್ದ. ಬ್ರೌಸರಿನ ಹೊಟ್ಟೆಯಲ್ಲಿ ತುಂಬಿದ್ದ ಹಳೆಯ ಕಸವನ್ನೆಲ್ಲ ಖಾಲಿ ಮಾಡಿ, ಪುಟವನ್ನು ಮತ್ತೆ ತೆರೆಯುತ್ತಿದ್ದ. ಅದಕ್ಕೂ ಜಗ್ಗದಿದ್ದರೆ ಮೋಡೆಮ್ಮಿನ ವಯರು ಕಿತ್ತು, ಒಂದು ಸಣ್ಣ ಪ್ರಾರ್ಥನೆ ಹೇಳಿ, ಮತ್ತೆ ಚುಚ್ಚುತ್ತಿದ್ದ. ಕೊನೆಗೆ ಅವನದೇ ಒಂದು ಪರೀಕ್ಷೆ. ನೆರೆಯವರ ಪಟ್ಟಿಯಲ್ಲಿ ಮೊದಲು ಸಿಕ್ಕಿದವರ ಹೊಲಕ್ಕೆ ನುಗ್ಗಿ ಒಂದಿಷ್ಟು ಕದಿಯುವುದು. ಕದಿಯುವಾಗ ಆಟದ ಕೈ ತಡವರಿಸದೆ ಓಡಿದರೆ ಕಾಯಿಲೆ ವಾಸಿಯಾಯಿತು ಎಂದು ಲೆಕ್ಕ. ಯಾರೂ ಆಕ್ಷೇಪಿಸಿರಲಿಲ್ಲ. ಎಲ್ಲರೂ ಎಲ್ಲರದನ್ನೂ ಕದಿಯುವ ಊರಿನಲ್ಲಿ ಯಾರು ಯಾರನ್ನು ಕೇಳುತ್ತಾರೆ?

ಎಲ್ಲರೂ ಎಂದರೆ ಇಬ್ಬರನ್ನು ಬಿಟ್ಟು. ದೋನಾ ಕಿತೇರಿಯಾ ಮತ್ತು ದೋನಾ ಲಿಂದಾವ್ರಾ ಬೆಂಕಿಯ ಕೊಮಾದ್ರೆಗಳು. ಸಂತ ಜೊವಾವ್ ಹಬ್ಬದ ಸಂಜೆ ಮನೆಮನೆಯ ಮುಂದೆ ಬೆಂಕಿ ಹಾಕುತ್ತಾರಲ್ಲ, ಆ ಬೆಂಕಿಯ ಸುತ್ತ ಇಬ್ಬರು ಕೈಕೈ ಹಿಡಿದು ಸುತ್ತಿ ಮಾತು ಕೊಟ್ಟರೆ ಸಾಯುವತನಕ ನೆಂಟಸ್ತನ. ರಕ್ತ ಬೇಕಿಲ್ಲ, ಬೆಂಕಿಯೇ ಸಾಕ್ಷಿ. ಇವರಿಬ್ಬರೂ ಲಂಗ ತೊಡುವ ವಯಸ್ಸಿನಲ್ಲಿ ಹಾಗೆ ಸುತ್ತಿದವರು. ಆದರೆ ಕಿತೇರಿಯಾಳ ಗಂಡ ತೀರಿಕೊಂಡಾಗ ಏಳನೆಯ ದಿನದ ಪೂಜೆಗೆ ಲಿಂದಾವ್ರಾ ಬರಲಿಲ್ಲ. ಯಾಕೆ ಬರಲಿಲ್ಲವೋ ಅವಳು ಹೇಳಲಿಲ್ಲ, ಇವಳು ಕೇಳಲಿಲ್ಲ. ಅಲ್ಲಿಗೆ ಮಾತು ನಿಂತಿತು. ಎದುರು ಸಿಕ್ಕರೆ ಒಬ್ಬಳು ಆ ಪಕ್ಕ, ಇನ್ನೊಬ್ಬಳು ಈ ಪಕ್ಕ.

ಇಬ್ಬರನ್ನೂ ಮತ್ತೆ ಹತ್ತಿರ ತಂದದ್ದು ಆ ಆಟವೇ. ಕಿತೇರಿಯಾ ಬೆಳಿಗ್ಗೆ ಬಂದು ಆಡುವಳು, ಲಿಂದಾವ್ರಾ ಮಧ್ಯಾಹ್ನ. ಇವಳ ಹೊಲಕ್ಕೆ ಅವಳು ನೀರು ಹಾಯಿಸಿರುತ್ತಿದ್ದಳು, ಅವಳ ಹೊಲದ ಹುಳ ಇವಳು ಹೆಕ್ಕಿರುತ್ತಿದ್ದಳು. ಒಂದಕ್ಷರ ಬರೆದವರಲ್ಲ. ಆದರೆ ಒಬ್ಬಳ ಪೈರು ಮಾಗಿ ನಿಂತರೂ ಇನ್ನೊಬ್ಬಳು ಒಂದು ಕಾಳು ಮುಟ್ಟುತ್ತಿರಲಿಲ್ಲ. ಊರೆಲ್ಲ ಕದಿಯುವ ಕಡೆ ಕದಿಯದೆ ಇರುವುದೇ ಅವರಿಬ್ಬರ ಮಾತುಕತೆ. ಅದು ಊರಿಗೆಲ್ಲ ಗೊತ್ತಿತ್ತು. ಜೆನಿವಾಲನಿಗೂ ಗೊತ್ತಿತ್ತು, ಅದೇ ನಾಚಿಕೆಗೇಡು.

ಆ ಸಲ ಜೂನ್ ತಿಂಗಳು ಬಂದಾಗ ಲಿಂದಾವ್ರಾ ತನ್ನ ಆಟದ ಹೊಲದ ತುಂಬ ಮೆಕ್ಕೆಜೋಳ ಬಿತ್ತಿದಳು. ಕಿತೇರಿಯಾ ಅದನ್ನು ನೋಡಿ ಕಣ್ಣೊರೆಸಿಕೊಂಡು ಜೆನಿವಾಲನಿಗೆ ಹೇಳಿದಳು, "ನೋಡು ಮಗಾ, ಹಬ್ಬಕ್ಕೆ ಅಂತ ಬಿತ್ತಿದ್ದಾಳೆ. ಚಿಕ್ಕವರಿದ್ದಾಗ ನಾವಿಬ್ರೂ ಒಂದೇ ಒರಳಲ್ಲಿ ಜೋಳ ಅರೀತಿದ್ವಿ. ಈ ಸಲ ಅವಳ ಬೆಂಕಿ ಹತ್ರ ನಾನೇ ಹೋಗ್ತೀನಿ. ಸಾಯೋದ್ರೊಳಗೆ ಒಂದ್ಸಲ ಮಾತಾಡ್ಬೇಕು ಕಣೋ."

ಕೆಲವು ದಿನಗಳ ಮೇಲೆ, ಹಬ್ಬ ಹತ್ತಿರವಾಗಿದ್ದಾಗ, ಕಿತೇರಿಯಾಳ ಆಟ ಗಕ್ಕನೆ ನಿಂತಿತು. "ಅಯ್ಯೋ ನನ್ನ ಕೊಮಾದ್ರೆ ಜೋಳಕ್ಕೆ ಹುಳ ಬಿದ್ದಿದೆಯಲ್ಲೋ, ಬೇಗ ಬಾರೋ!" ಎಂದು ಗೋಳಿಟ್ಟಳು. ಅಷ್ಟರಲ್ಲಿ ಬಾಗಿಲಾಚೆ ಅವಳ ತಾಪಿಯೋಕಾ ರೊಟ್ಟಿಯ ಗಾಡಿಗೆ ಯಾರೋ ಗಿರಾಕಿ ಬಂದು ಕರೆದರು. "ನೀನು ನೋಡ್ಕೋ ಮಗಾ" ಎಂದು ಎದ್ದು ಹೋದಳು. ಜೆನಿವಾಲ್ ಕಿಟಕಿ ಮುಚ್ಚಿದ, ಚಿತ್ರ ಇಳಿಸಿದ, ಕಸ ತೆಗೆದ, ಪುಟ ತೆರೆದ. ಆಮೇಲೆ, ಕೈಗೆ ಅಭ್ಯಾಸವಾಗಿತ್ತಲ್ಲ, ಪಟ್ಟಿಯಲ್ಲಿದ್ದ ಮೊದಲನೆಯ ಹೊಲಕ್ಕೆ ನುಗ್ಗಿದ. ಜೋಳ ಮಾಗಿತ್ತು. ಒಂದು ತೆನೆ ಕಿತ್ತ, ಕೈ ಚೆನ್ನಾಗಿ ಓಡಿತು. ಒಸ್ಮಾರಿನೊ ಹಿಂದೆ ನಿಂತು "ಆಹಾ, ಬೆಣ್ಣೆ ಥರ ಓಡ್ತಿದೆಯಲ್ಲೋ ಡಾಕ್ಟ್ರೇ!" ಎಂದ. ಹೊಗಳಿಕೆ ಎಂದರೆ ಯಾರಿಗೆ ಬೇಡ? ಜೆನಿವಾಲ್ ಉಬ್ಬಿಹೋಗಿ ಸಾಲಿಗೆ ಸಾಲೇ ಕಿತ್ತ. ಅದು ಯಾರ ಹೊಲ ಎಂದು ಹೆಸರು ಕೂಡ ನೋಡಲಿಲ್ಲ. ಕಿತೇರಿಯಾ ಮರಳಿ ಬಂದು, ಆಟ ಓಡುವುದನ್ನು ಕಂಡು, ಅವನ ತಲೆ ಸವರಿ, ಕೊಬ್ಬರಿ ಹಾಕಿದ ಬಿಸಿ ರೊಟ್ಟಿ ಕೊಟ್ಟು ಹೋದಳು. ಅವನು ಅದನ್ನು ಚಪ್ಪರಿಸಿ ತಿಂದ.

ಮಧ್ಯಾಹ್ನ ಲಿಂದಾವ್ರಾ ಬಂದಳು. ಕೂತಳು, ಆಟ ತೆರೆದಳು, ಹಾಗೆಯೇ ಉಳಿದಳು. ಅವಳ ಆಟವೂ ನಿಂತಿತೋ ಏನೋ ಎಂದು ಜೆನಿವಾಲ್ ಹತ್ತಿರ ಹೋದ. ಪರದೆಯ ಮೇಲೆ ಸುದ್ದಿಯ ಸಾಲು ಇತ್ತು: ಕಿತೇರಿಯಾ ನಿಮ್ಮ ಮೆಕ್ಕೆಜೋಳ ಕದ್ದಿದ್ದಾಳೆ. ಕಿತೇರಿಯಾ ನಿಮ್ಮ ಮೆಕ್ಕೆಜೋಳ ಕದ್ದಿದ್ದಾಳೆ. ಅದೇ ಸಾಲು ಕೆಳಗಿನತನಕ.

"ನೋಡಿದ್ಯೇನೋ?" ಎಂದಳು ಲಿಂದಾವ್ರಾ. ಸ್ವರ ಏಳುತ್ತಲೇ ಇರಲಿಲ್ಲ. "ಪೂಜೆಗೆ ಬರಲಿಲ್ಲ ಅನ್ನೋ ಸೇಡು, ಇನ್ನೂ ಹೊಟ್ಟೆಯಲ್ಲಿ ಇಟ್ಕೊಂಡಿದ್ಲು. ನೀರು ಹಾಯ್ಸಿ ಹಾಯ್ಸಿ ನಂಬಿಸಿ, ಹಬ್ಬದ ಹೊತ್ತಿಗೆ ಸರಿಯಾಗಿ ಬುದ್ಧಿ ತೋರಿಸಿದ್ಲು."

ಅವಳ ಕಣ್ಣಿಂದ ನೀರು ಇಳಿಯಿತು. 'ಕದ್ದದ್ದು ನಾನು, ದೋನಾ ಲಿಂದಾವ್ರಾ' ಎಂಬ ಮಾತು ಜೆನಿವಾಲನ ನಾಲಿಗೆಯ ತುದಿಗೆ ಬಂದಿತ್ತು. ಆದರೆ ಅಂಗಡಿ ತುಂಬ ಜನ. ಎಲ್ಲರ ಕಿವಿ ಇತ್ತಲೇ. ಹೇಳಿದರೆ ಡಾಕ್ಟರು ಹೋಗಿ ಗುಂಡಿ ಮರಳುತ್ತಾನೆ, ಇವನು ಮುಟ್ಟಿದ್ದೆಲ್ಲ ಕೆಡುತ್ತದೆ ಎಂಬ ಹಳೆಯ ಮಾತು ಮರಳುತ್ತದೆ. ಛೇ, ಎಷ್ಟು ಸಣ್ಣ ಭಯ!

"ಆಟ ತಾನೇ, ಬಿಡಿ ದೋನಾ ಲಿಂದಾವ್ರಾ" ಎಂದಷ್ಟೇ ಹೇಳಿದ.

ಅವಳು ಮೂಗೊರೆಸಿಕೊಂಡು, ಕಿತೇರಿಯಾಳನ್ನು ನೆರೆಯವರ ಪಟ್ಟಿಯಿಂದಲೇ ತೆಗೆದುಹಾಕಿ ಎದ್ದು ಹೋದಳು.

ಮರುದಿನ ಬೆಳಿಗ್ಗೆ ಕಿತೇರಿಯಾ ಕನ್ನಡಕ ಏರಿಸಿ ಹುಡುಕಿದಳು, ಇಳಿಸಿ ಹುಡುಕಿದಳು. "ನನ್ನ ಕೊಮಾದ್ರೆ ಹೊಲ ಎಲ್ಲೋ ಮಗಾ? ಮತ್ತೆ ಆಟ ಕೆಟ್ಟಿತಾ?"

ಆ ಹೊತ್ತಿನಲ್ಲಿ ಅಂಗಡಿಯಲ್ಲಿ ಬೇರೆ ಯಾರೂ ಇರಲಿಲ್ಲ. ಹೇಳಲು ಅದಕ್ಕಿಂತ ಒಳ್ಳೆಯ ಗಳಿಗೆ ಇತ್ತೇ? ಆದರೆ ಅವಳು ಮುಖ ಎತ್ತಿ ನೋಡಿದ ರೀತಿ ಹಾಗಿತ್ತು, ವೈದ್ಯನನ್ನು ಮಗುವಿನ ತಾಯಿ ನೋಡುವ ಹಾಗೆ. ಜೆನಿವಾಲನ ಬಾಯಿಂದ ಸುಳ್ಳು ತಾನಾಗಿ ಹೊರಟಿತು. "ಹೂಂ, ಆಟದ ಕಡೆಯವರದ್ದೇ ಏನೋ ತೊಂದ್ರೆ. ಕೆಲವರ ಹೊಲ ಕಾಣ್ತಿಲ್ಲ. ಸರಿಹೋಗತ್ತೆ."

"ನಾನು ಹುಳ ಹೆಕ್ತಿಲ್ಲ ಅಂತ ಅವಳಿಗೆ ಬೇಜಾರಾಗಲ್ವಾ?"

"ಇಲ್ಲ ಬಿಡಿ. ಅವರಿಗೂ ಗೊತ್ತಿದೆ."

ಇಲ್ಲದ ಕಾಯಿಲೆಗೆ ಅವನು ಅಂದಿನಿಂದ ದಿನಾ ಮದ್ದು ಮಾಡತೊಡಗಿದ. ಕಿಟಕಿ ಮುಚ್ಚುವುದು, ಕಸ ತೆಗೆಯುವುದು, ಮೋಡೆಮ್ಮಿನ ವಯರು ಕಿತ್ತು ಚುಚ್ಚುವುದು, ಎಲ್ಲ ನಾಟಕ. ಪಕ್ಕದಲ್ಲಿ ಆ ಹೆಂಗಸು ಕೈ ಜೋಡಿಸಿ ಕೂತಿರುತ್ತಿದ್ದಳು. ದಿನವೂ ಬಿಸಿ ರೊಟ್ಟಿ ತಂದಿಡುತ್ತಿದ್ದಳು. ಅವನು ಬೇಡವೆಂದರೂ ಕೇಳುತ್ತಿರಲಿಲ್ಲ. ಅವಳೆದುರಿಗೇ ಕೂತು ತಿನ್ನಬೇಕಾಗುತ್ತಿತ್ತು. ಬೀದಿಯಲ್ಲಿ ಯಾರಾದರೂ 'ಜೋಳ' ಎಂದರೆ ಸಾಕು, ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತಲ್ಲ, ಹಾಗೆ ಬೆಚ್ಚಿ ಬೀಳುತ್ತಿದ್ದ. ಹೆಂಡತಿ ಸೊಕೊರ್ರೊ "ಏನಾಗಿದೆ ನಿಂಗೆ?" ಎಂದು ಕೇಳಿದರೆ ಅವಳ ಮೇಲೆಯೇ ರೇಗಿದ.

ಹಬ್ಬದ ಸಂಜೆ ಬಂತು. ಬೀದಿಯುದ್ದಕ್ಕೂ ಬಣ್ಣದ ಕಾಗದದ ತೋರಣ, ಬಾಗಿಲು ಬಾಗಿಲಿಗೂ ಬೆಂಕಿ, ಎಲ್ಲಿಂದಲೋ ಅಕಾರ್ಡಿಯನ್ ದನಿ. ಜೆನಿವಾಲ್ ತನ್ನ ಮನೆಯ ಬೆಂಕಿಗೆ ಸೌದೆ ಹಾಕುತ್ತಿದ್ದಾಗ ಕಿತೇರಿಯಾ ನಡೆದು ಬಂದಳು. ಹೂವಿನ ಅಂಗಿ ತೊಟ್ಟಿದ್ದಳು, ಕೈಯಲ್ಲಿ ದಾಲ್ಚಿನ್ನಿ ಪುಡಿ ಉದುರಿಸಿದ ಕಾಂಜಿಕಾ ಎಂಬ ಜೋಳದ ಸಿಹಿತಿಂಡಿಯ ತಟ್ಟೆ, ಇನ್ನೂ ಹಬೆಯಾಡುತ್ತಿತ್ತು.

"ಆಟ ಸರಿಹೋಗೋತನಕ ಯಾಕೆ ಕಾಯೋದು ಅಂತ ಹೊರಟೇಬಿಟ್ಟೆ ಮಗಾ" ಎಂದು ನಕ್ಕಳು. "ನೀನೇ ಹೇಳಿದ್ಯಲ್ಲ, ಅವಳಿಗೂ ಗೊತ್ತಿದೆ ಅಂತ."

ಅವನಿಗೆ ನೆಲ ಬಿರಿದು ತನ್ನನ್ನು ನುಂಗಬಾರದೇ ಎನಿಸಿತು. ಅವಳು ಮುಂದೆ ಹೋದಳು. ಕೈಯಲ್ಲಿದ್ದ ಸೌದೆಯನ್ನೂ ಬಿಡದೆ ಅವನು ಹಿಂದೆಯೇ ಹೋದ. ಆದರೆ ಕರೆದು ನಿಲ್ಲಿಸಲಿಲ್ಲ.

ಲಿಂದಾವ್ರಾಳ ಬೆಂಕಿಯ ಸುತ್ತ ಅರ್ಧ ಬೀದಿಯೇ ಸೇರಿತ್ತು. ಕಿತೇರಿಯಾಳನ್ನು ಕಂಡು ಎಲ್ಲರೂ ದಾರಿ ಬಿಟ್ಟರು.

"ಕೊಮಾದ್ರೆ" ಎಂದಳು ಕಿತೇರಿಯಾ, ತಟ್ಟೆ ಮುಂದೆ ಚಾಚಿ.

ಲಿಂದಾವ್ರಾ ತಟ್ಟೆಯನ್ನು ನೋಡಿದಳು. "ಓಹೋ! ಯಾರ ಜೋಳದಲ್ಲಿ ಮಾಡಿದ್ದು? ನನ್ನ ಹೊಲದ್ದಾ? ಇನ್ನೂ ಏನಾದ್ರೂ ಉಳಿದಿದೆಯಾ ಅಂತ ನೋಡೋಕೆ ಬಂದ್ಯಾ, ಕಳ್ಳಿ?"

ಅಕಾರ್ಡಿಯನ್ ನಿಂತಿತು. ಕಿತೇರಿಯಾಳಿಗೆ ಏನೂ ಅರ್ಥವಾಗಲಿಲ್ಲ. "ಏನಂತೀಯೇ? ನಾನು ಯಾವಾಗ... ಆಟ ಕೆಟ್ಟಿತ್ತಲ್ಲ..." ಎನ್ನುತ್ತಾ ಸುತ್ತ ನೋಡಿದಳು. ಜೆನಿವಾಲ್ ಕಂಡ. "ಹೇಳೋ ಮಗಾ, ನೀನೇ ಹೇಳೋ ಇವಳಿಗೆ."

"ನಾನು ಕದ್ದಿದ್ದು" ಎಂದ ಜೆನಿವಾಲ್.

"ಏನಂದೆ?"

"ನಾನೇ ಕದ್ದಿದ್ದು, ದೋನಾ ಲಿಂದಾವ್ರಾ. ಇವರ ಆಟ ರಿಪೇರಿ ಮಾಡಿ, ಓಡತ್ತಾ ಅಂತ ನೋಡೋಕೆ ಕಿತ್ತೆ. ಇವರು ಅಲ್ಲಿ ಇರಲೇ ಇಲ್ಲ. ಆಟ ಕೆಟ್ಟಿದೆ ಅಂತ ಇವರಿಗೆ ಹೇಳಿದ್ದೂ ಸುಳ್ಳು."

ಒಸ್ಮಾರಿನೊ "ಲೋ ಗುಂಡಿ, ಮತ್ತೆ ಬಿದ್ಯೇನೋ!" ಎಂದು ಕೂಗಿದ. ಬೀದಿಯೆಲ್ಲ ಗೊಳ್ಳೆಂದಿತು. ಹೊಟ್ಟೆ ಹಿಡಿದುಕೊಂಡು ನಕ್ಕರು. ಯಾವ ನಗುವಿಗೆ ಹೆದರಿ ಅವನು ಅಷ್ಟು ದಿನ ಬಾಯಿ ಹೊಲಿದುಕೊಂಡಿದ್ದನೋ, ಆ ನಗು ಬಂತು, ಬೆಂಕಿಯ ಕಿಡಿಯಂತೆ ಹಾರಿ ಆರಿಯೂ ಹೋಯಿತು. ಇಷ್ಟೇನಾ ಎನಿಸಿತು ಅವನಿಗೆ. ಆದರೆ ಆ ಇಬ್ಬರು ಹೆಂಗಸರು ನಗಲಿಲ್ಲ.

"ಹಂಗಾದ್ರೆ ನಾನು ನಿನ್ನ ಅಂಗಡಿಯಲ್ಲಿ ಕೂತು ಅತ್ತಾಗ ನಿಂಗೆ ಗೊತ್ತಿತ್ತು" ಎಂದಳು ಲಿಂದಾವ್ರಾ.

"ಗೊತ್ತಿತ್ತು."

"ದಿನಾ ಬೆಳಿಗ್ಗೆ ನಾನು ಪಕ್ಕದಲ್ಲಿ ಕೂತು ಕಾಯ್ತಿದ್ದಾಗ?" ಎಂದಳು ಕಿತೇರಿಯಾ, ಮೆಲ್ಲಗೆ.

"ಆಗಲೂ."

"ನನ್ನ ರೊಟ್ಟಿ ತಿಂದ್ಯಲ್ಲೋ ಮಗಾ."

ಬೈದಿದ್ದರೆ ತಡೆದುಕೊಳ್ಳುತ್ತಿದ್ದ. ಅವಳು ಬೈಯಲಿಲ್ಲ. ಲಿಂದಾವ್ರಾ ತಟ್ಟೆಯನ್ನು ಇಸಿದುಕೊಂಡಳು, ಇನ್ನೊಂದು ಕೈಯಿಂದ ಕಿತೇರಿಯಾಳ ರಟ್ಟೆ ಹಿಡಿದಳು. "ಬಾರೇ, ಆ ಪೂಜೆ ದಿನ ಏನಾಯ್ತು ಅಂತ ಹೇಳ್ತೀನಿ. ಹೇಳಬೇಕಿತ್ತು, ಹೇಳಲಿಲ್ಲ" ಎಂದಳು. ಇಬ್ಬರೂ ಬೆಂಕಿಯ ಆ ಮಗ್ಗುಲಿಗೆ ಹೋದರು. ಹಬ್ಬದ ದಿನ ಬೆಂಕಿಯ ಬಳಿ ಬಂದವನು ಹಗೆಯಾದರೂ ಕೈಗೆ ಏನಾದರೂ ಕೊಡದೆ ಕಳಿಸುವುದಿಲ್ಲ. ಕಾಂಜಿಕಾ ಕೈಯಿಂದ ಕೈಗೆ ಸುತ್ತಿ ಬಂತು, ಒಸ್ಮಾರಿನೊ ಕೂಡ ತಿಂದ. ಜೆನಿವಾಲನ ಮುಂದೆ ತಟ್ಟೆ ನಿಲ್ಲಲಿಲ್ಲ. ಅವನು ತಂದಿದ್ದ ಸೌದೆಯನ್ನು ಆ ಬೆಂಕಿಗೆ ಹಾಕಿ ಮನೆಗೆ ಹೋದ.

ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು ಎನ್ನುತ್ತೇವೆ. ಆದರೆ ಊರು ಎರಡು ದಿನ ಗುಂಡಿ ಎಂದು ಕರೆದು ಆಮೇಲೆ ಮರೆಯಿತು. ಆಟ ನಿಂತಾಗ ಮತ್ತೆ "ಡಾಕ್ಟ್ರೇ" ಎಂದೇ ಕೂಗಿತು. ಕಿತೇರಿಯಾ ಕೂಡ ಅಂಗಡಿಗೆ ಬರುವುದನ್ನು ಬಿಡಲಿಲ್ಲ. ಈಗ ಇಬ್ಬರೂ ಬೆಳಿಗ್ಗೆಯೇ ಬಂದು ಅಕ್ಕಪಕ್ಕ ಕೂರುತ್ತಿದ್ದರು, ಒಬ್ಬಳ ಹೊಲವನ್ನು ಒಬ್ಬಳು ಬೈಯುತ್ತಾ ನಗುತ್ತಿದ್ದರು.

ಒಂದು ಬೆಳಿಗ್ಗೆ ಕಿತೇರಿಯಾಳ ಆಟ ನಿಂತಿತು. ಕೊಮಾದ್ರೆಯ ಹೊಲದ ಮೇಲೆ ಸುರಿದ ನೀರು ಗಾಳಿಯಲ್ಲಿಯೇ ಉಳಿಯಿತು. ಜೆನಿವಾಲ್ ದಡಬಡಿಸಿ ಎದ್ದು ಹತ್ತಿರ ಬಂದು ಕೈ ಚಾಚಿದ. ಕಿತೇರಿಯಾ ಮೌಸಿನ ಮೇಲೆ ತನ್ನ ಅಂಗೈ ಮುಚ್ಚಿದಳು.

"ಬೇಡ ಮಗಾ, ನೀನು ಮುಟ್ಬೇಡ" ಎಂದಳು. ದನಿಯಲ್ಲಿ ಸಿಟ್ಟು ಇರಲಿಲ್ಲ. "ತಾನಾಗೇ ಸರಿಹೋಗೋತನಕ ಕಾಯ್ತೀನಿ."

ಅದು ತಾನಾಗಿ ಸರಿಹೋಗುವಂಥದ್ದಲ್ಲ ಎಂದು ಜೆನಿವಾಲನಿಗೆ ಗೊತ್ತಿತ್ತು. ಯಾವ ಕಿಟಕಿ ಮುಚ್ಚಬೇಕು ಎಂಬುದೂ ಅಲ್ಲಿಂದಲೇ ಕಾಣುತ್ತಿತ್ತು. ಅವನು ಹಿಂದಿರುಗಿ ತನ್ನ ಕುರ್ಚಿಯ ಮೇಲೆ ಕೂತ.